72 ಡಿಗ್ರಿ, 15 ಸೆಕೆಂಡು

ಡೈರಿ ನೋಡಲು ಹೋದವರ ಕಣ್ಣು ಮೊದಲು ಹುಡುಕುವುದು ಹಾಲನ್ನೇ. ಆದರೆ ಹಾಲು ಎಲ್ಲೂ ಕಾಣುವುದಿಲ್ಲ. ಕಾಣುವುದೆಲ್ಲ ಸ್ಟೀಲು: ತಲೆಯ ಮೇಲೆ ಪೈಪು, ಗೋಡೆಯುದ್ದಕ್ಕೂ ಟ್ಯಾಂಕು, ಕಾಲಡಿ ಸದಾ ಒದ್ದೆ ನೆಲ. ಪಾಶ್ಚರೀಕರಣದ ಯಂತ್ರ ಎಲ್ಲಿ ಎಂದು ಕೇಳಿದರೆ ತೆಳು ತಗಡುಗಳನ್ನು ಒತ್ತೊತ್ತಾಗಿ ಜೋಡಿಸಿ ಬೋಲ್ಟು ಬಿಗಿದ ಒಂದು ಕಟ್ಟನ್ನು ತೋರಿಸುತ್ತಾರೆ. ಇಷ್ಟೇನಾ ಅನ್ನಿಸುತ್ತದೆ. ನಂದಿನಿಯ ನೀಲಿ ಪ್ಯಾಕೆಟ್ಟಾಗಲಿ ಹಸಿರು ಪ್ಯಾಕೆಟ್ಟಾಗಲಿ, ಅದರೊಳಗಿನ ಹಾಲು ಇಂಥದೊಂದು ಕಟ್ಟನ್ನು ದಾಟಿಯೇ ಬಂದಿರುತ್ತದೆ.

ತಗಡಿನ ಒಂದು ಮಗ್ಗುಲಲ್ಲಿ ಹಾಲು ಹರಿಯುತ್ತದೆ, ಇನ್ನೊಂದು ಮಗ್ಗುಲಲ್ಲಿ ಬಿಸಿನೀರು. ಇದರಲ್ಲೊಂದು ಜಾಣತನವಿದೆ. ತಣ್ಣಗೆ ಬರುವ ಹಸಿ ಹಾಲನ್ನು ಮೊದಲು ಆಗಲೇ ಕಾದು ವಾಪಸು ಹೊರಟ ಹಾಲಿನ ಪಕ್ಕದ ತಗಡಿನಲ್ಲಿ ಹರಿಸುತ್ತಾರೆ. ಹಸಿ ಹಾಲು ಬಿಸಿಯೇರುತ್ತದೆ, ಕಾದ ಹಾಲು ತಣಿಯುತ್ತದೆ. ಬೇಕಾದ ಶಾಖದ ಬಹುಪಾಲು ಹಾಲಿನಿಂದ ಹಾಲಿಗೇ ಸಿಕ್ಕಿಬಿಡುತ್ತದೆ. ಮಿಕ್ಕಷ್ಟನ್ನು ಮಾತ್ರ ಬಿಸಿನೀರು ಕೊಡಬೇಕು. ಹೀಗೆ 72 ಡಿಗ್ರಿ ಸೆಲ್ಸಿಯಸ್ ಮುಟ್ಟಿದ ಹಾಲು ಒಂದು ಉದ್ದನೆಯ ಪೈಪಿನಲ್ಲಿ 15 ಸೆಕೆಂಡು ಸಾಗುತ್ತದೆ. ಪೈಪಿನ ಉದ್ದ, ಪಂಪಿನ ವೇಗ ಎರಡನ್ನೂ ಲೆಕ್ಕ ಹಾಕಿ ಇಟ್ಟಿರುವುದು ಈ 15 ಸೆಕೆಂಡಿಗಾಗಿ. ಪೈಪಿನ ತುದಿಯಲ್ಲೊಂದು ಥರ್ಮಾಮೀಟರು, ಅದಕ್ಕೆ ಹೊಂದಿಕೊಂಡು ಒಂದು ವಾಲ್ವು. ಶಾಖ ತುಸು ಇಳಿದರೂ ಸಾಕು, ವಾಲ್ವು ತಿರುಗಿ ಹಾಲನ್ನು ಹಸಿ ಹಾಲಿನ ಟ್ಯಾಂಕಿಗೇ ಹಿಂದಕ್ಕೆ ಕಳಿಸುತ್ತದೆ. ಮನುಷ್ಯರು ಯಾರೂ ಆ ತೀರ್ಮಾನ ಮಾಡಬೇಕಾಗಿಲ್ಲ. ಅದೇ ಒಳ್ಳೆಯದು.

ನನಗೆ ಇದಕ್ಕಿಂತಲೂ ಹಿಡಿಸಿದ್ದು ಒತ್ತಡದ ಲೆಕ್ಕ. ತಗಡುಗಳ ನಡುವೆ ಕಾದ ಹಾಲಿನ ಒತ್ತಡವನ್ನು ಹಸಿ ಹಾಲಿನದಕ್ಕಿಂತ ಸದಾ ಹೆಚ್ಚಿಗೆ ಇಟ್ಟಿರುತ್ತಾರೆ. ಎಂದಾದರೂ ತಗಡು ತೂತಾದರೆ ಕಾದ ಹಾಲೇ ಹಸಿ ಹಾಲಿನೊಳಗೆ ಸೋರಬೇಕು, ಹಸಿ ಹಾಲು ಕಾದ ಹಾಲಿನೊಳಗೆ ಬರಕೂಡದು. ಕೆಟ್ಟರೂ ಸರಿಯಾದ ಕಡೆಗೇ ಕೆಡಲಿ ಎಂಬ ಮುಂದಾಲೋಚನೆ ಇದು.

ಲೂಯಿ ಪಾಶ್ಚರ್ 1860ರ ದಶಕದಲ್ಲಿ ಈ ಉಪಾಯ ಕಂಡುಕೊಂಡದ್ದು ಫ್ರಾನ್ಸಿನ ದ್ರಾಕ್ಷಾರಸ ಹುಳಿಯುವುದನ್ನು ತಡೆಯಲು. ಹಸುಗೂಸುಗಳಿಗೆ ಕೊಡುವ ಹಾಲನ್ನು ಹೀಗೆ ಕಾಯಿಸಬೇಕೆಂದು 1886ರಲ್ಲಿ ಹೇಳಿದವನು ಜರ್ಮನಿಯ ಫ್ರಾಂಜ್ ಫಾನ್ ಸಾಕ್ಸ್‌ಲೆಟ್. ಹಸುವಿನ ಕ್ಷಯ, ಬ್ರುಸೆಲ್ಲಾ, ಸಾಲ್ಮೊನೆಲ್ಲಾ, ಕ್ಯಾಂಪಿಲೊಬ್ಯಾಕ್ಟರ್, ಲಿಸ್ಟೀರಿಯಾ, ಇ. ಕೋಲಿ ಎಲ್ಲಕ್ಕೂ ಹಸಿ ಹಾಲು ಒಂದು ದಾರಿ. ಆ 15 ಸೆಕೆಂಡಿನಲ್ಲಿ ಇವು ಸಾಯುತ್ತವೆ. ಸತ್ತಿವೆ ಎಂದು ತಿಳಿಯಲು ಡೈರಿಯ ಲ್ಯಾಬಿನವರು ರೋಗಾಣುಗಳನ್ನು ಎಣಿಸುತ್ತಾ ಕೂರುವುದಿಲ್ಲ. ಹಸಿ ಹಾಲಿನಲ್ಲಿ ಸಹಜವಾಗಿಯೇ ಫಾಸ್ಫಟೇಸ್ ಎಂಬ ಕಿಣ್ವ ಇರುತ್ತದೆ. ಅದು ನಾಶವಾಗಲು ಕ್ಷಯದ ರೋಗಾಣು ಸಾಯುವುದಕ್ಕಿಂತ ತುಸು ಹೆಚ್ಚೇ ಶಾಖ ಬೇಕು. ಪರೀಕ್ಷೆಯಲ್ಲಿ ಆ ಕಿಣ್ವದ ಸುಳಿವು ಸಿಗದಿದ್ದರೆ ರೋಗಾಣುವೂ ಇಲ್ಲವೆಂದೇ ಅರ್ಥ.

ಇನ್ನು ನಮ್ಮ ಕಡೆಯ ಕತೆ: ಕರ್ನಾಟಕದಲ್ಲಿ ಮೊದಲ ಡೈರಿ ಶುರುವಾದದ್ದು 1955ರಲ್ಲಿ, ಕೊಡಗಿನ ಕೂಡಿಗೆಯಲ್ಲಿ. ಈಗಿನ ಹಾಲು ಮಹಾಮಂಡಳದ ಬೇರು 1974ರದು. ಹೈನಿನ ಪಾಠ ಮಾತ್ರ ಅದಕ್ಕೂ ಹಿಂದಿನದು. ಬೆಂಗಳೂರಿನ ಆಡುಗೋಡಿಯಲ್ಲಿ 1923ರಲ್ಲೇ ಹೈನುಗಾರಿಕೆ ಕಲಿಸುವ ಒಂದು ಸಂಸ್ಥೆ ತಲೆಯೆತ್ತಿತ್ತು. 1927ರಲ್ಲಿ ಆರೋಗ್ಯ ಸುಧಾರಿಸಿಕೊಳ್ಳಲು ಇತ್ತ ಬಂದಿದ್ದ ಗಾಂಧೀಜಿ ಅಲ್ಲಿ ಹಸು ಸಾಕಣೆ ಕಲಿತರು. ಅಲ್ಲಿನ ಸಂದರ್ಶಕರ ಪುಸ್ತಕದಲ್ಲಿ ತಮ್ಮನ್ನು ಸಾಬರಮತಿಯ ರೈತ ಎಂದು ಬರೆದುಕೊಂಡರು.

ಯಂತ್ರದ, ಚರಿತ್ರೆಯ ಮಾತು ಸಾಕು. ಹಾಲಿನ ಹಣೆಬರಹ ನಿರ್ಧಾರವಾಗುವುದು ಯಂತ್ರಕ್ಕೆ ಬರುವ ಮುಂಚೆಯೇ, ಊರಿನ ಹಾಲು ಸಂಘದ ಜಗಲಿಯಲ್ಲಿ. ಕೆಚ್ಚಲಿನಿಂದ ಹಾಲು ಹೊರಬೀಳುವುದು ಸುಮಾರು 38 ಡಿಗ್ರಿಯಲ್ಲಿ. ಆ ಬೆಚ್ಚಗೆಯಲ್ಲಿ ಇ. ಕೋಲಿಯಂಥವು 20 ನಿಮಿಷಕ್ಕೊಮ್ಮೆ ಇಮ್ಮಡಿಯಾಗಬಲ್ಲವು. ಕ್ಯಾನು ಹಿಡಿದು ಹೊತ್ತು ಮೂಡುವ ಮೊದಲೇ ಸಾಲು ನಿಲ್ಲುವುದು ಇದಕ್ಕೇ. ಫ್ಯಾಟು, ಎಸ್‌ಎನ್‌ಎಫ್ (ಕೊಬ್ಬು ಬಿಟ್ಟು ಉಳಿದ ಘನಾಂಶ) ನೋಡಿ ಚೀಟಿ ಹರಿದ ಮೇಲೆ ಹಾಲು ಬಿಎಂಸಿಯ, ಅಂದರೆ ಬಲ್ಕ್ ಕೂಲರಿನ ಪಾಲು. ಅಲ್ಲಿ ಅದು 4 ಡಿಗ್ರಿಗೆ ಇಳಿಯಬೇಕು.

ಡೈರಿಗೆ ಬಂದ ಹಾಲಿನ ಮಡಿವಂತಿಕೆ ನೋಡಲು ಹಳೆಯದೊಂದು ಪರೀಕ್ಷೆ ಇದೆ. 10 ಮಿಲಿಲೀಟರ್ ಹಾಲಿಗೆ 1 ಮಿಲಿಲೀಟರ್ ಮೆಥಿಲೀನ್ ಬ್ಲೂ ಬೆರೆಸಿ, ಟ್ಯೂಬನ್ನು 37 ಡಿಗ್ರಿಯ ನೀರಿನಲ್ಲಿ ನಿಲ್ಲಿಸುತ್ತಾರೆ. ಹಾಲೆಲ್ಲ ತಿಳಿನೀಲಿ. ಬ್ಯಾಕ್ಟೀರಿಯಾಗಳು ಆಮ್ಲಜನಕ ತಿಂದಂತೆಲ್ಲ ನೀಲಿ ಮಾಸಿ ಬಿಳುಪು ಮರಳುತ್ತದೆ. ಒಳ್ಳೆಯ ಹಾಲು ಐದು ಗಂಟೆ ದಾಟಿದರೂ ನೀಲಿಯಾಗಿಯೇ ಇರುತ್ತದೆ. ಕೊಳಕು ಹಾಲು ಅರ್ಧ ಗಂಟೆಯೊಳಗೆ ಬೆಳ್ಳಗಾಗುತ್ತದೆ. ಹಾಲು ಬೇಗ ಬೆಳ್ಳಗಾದರೆ ಮುಖ ಸಿಂಡರಿಸುವವರು ಜಗತ್ತಿನಲ್ಲಿ ಈ ಲ್ಯಾಬಿನವರು ಮಾತ್ರ ಇರಬೇಕು.

ಇಷ್ಟೆಲ್ಲ ಆದರೂ ಕೆಲಸ ಮುಗಿಯುವುದಿಲ್ಲ. 1985ರಲ್ಲಿ ಅಮೆರಿಕದ ಇಲಿನಾಯ್‌ನಲ್ಲಿ ಪಾಶ್ಚರೀಕರಿಸಿದ ಹಾಲನ್ನೇ ಕುಡಿದು 16,000ಕ್ಕೂ ಹೆಚ್ಚು ಜನ ಸಾಲ್ಮೊನೆಲ್ಲಾದಿಂದ ಹಾಸಿಗೆ ಹಿಡಿದರು. ಡೈರಿಯೊಳಗೆ ಹಸಿ ಹಾಲಿನ ಪೈಪಿಗೂ ಕಾದ ಹಾಲಿನ ಪೈಪಿಗೂ ಎಲ್ಲೋ ಸಂಪರ್ಕ ಇತ್ತೆಂಬ ಅನುಮಾನ ಬಂತು. ಡೈರಿಯವರು ಪ್ರತಿ ಪಾಳಿಯ ಕೊನೆಗೆ ಕಾಸ್ಟಿಕ್ ಸೋಡಾ, ಆಮ್ಲ, ಬಿಸಿನೀರು ಹರಿಸಿ ಪೈಪು ತೊಳೆಯುವುದರಲ್ಲಿ ಯಾಕೆ ಅಷ್ಟು ಹೊತ್ತು ಕಳೆಯುತ್ತಾರೆ ಎಂದು ಕೇಳುವವರಿಗೆ ಉತ್ತರ ಇದೇ: ಕಾದ ಹಾಲೂ ಪೈಪಿನಲ್ಲಿ ಮತ್ತೆ ಮಲಿನವಾಗಬಹುದು.

ಇನ್ನು ನಮ್ಮ ಅಡುಗೆಮನೆ. ಪಾಶ್ಚರೀಕರಿಸಿದ ಹಾಲು ಮೇಲೆ ಹೇಳಿದ ರೋಗಾಣುಗಳಿಲ್ಲದ ಹಾಲು, ಬ್ಯಾಕ್ಟೀರಿಯಾವೇ ಇಲ್ಲದ ಹಾಲಲ್ಲ. ತಾಳಿಕೊಂಡು ಉಳಿದವು ತಣ್ಣಗಿರುವಷ್ಟು ಹೊತ್ತು ತೆಪ್ಪಗಿರುತ್ತವೆ. ಗೇಟಿಗೆ ನೇತುಹಾಕಿದ ಚೀಲದಲ್ಲಿ ಪ್ಯಾಕೆಟ್ಟು ಎಂಟು ಗಂಟೆಯವರೆಗೆ ಬಿಸಿಲು ಕಾಯುತ್ತಿದ್ದರೆ ಡೈರಿಯ ಶ್ರಮವೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತೆ. ಪ್ಯಾಕೆಟ್ಟು ದಾರಿಯುದ್ದಕ್ಕೂ ತಣ್ಣಗೇ ಬಂದಿದೆ ಎಂದು ಗೊತ್ತಿದ್ದರೆ ಕಾಯಿಸದೆಯೂ ಕುಡಿಯಬಹುದು. ಗೊತ್ತಿಲ್ಲದಿದ್ದರೆ ಉಕ್ಕಿಸಿ, ತಡಮಾಡದೆ ತಣಿಸಿ ಫ್ರಿಜ್ಜಿಗಿಡುವುದೇ ಸರಿ. ಉಕ್ಕಿಸಿದ ಹಾಲನ್ನು ಮಧ್ಯಾಹ್ನದವರೆಗೆ ಒಲೆಯ ಮೇಲೇ ಬಿಡುವುದು, ನಿನ್ನೆಯ ತಳದ ಹಾಲಿಗೆ ಇವತ್ತಿನದನ್ನು ಸುರಿಯುವುದು, ಇವೆರಡೇ ನಮ್ಮ ಮನೆಗಳ ದೊಡ್ಡ ಅಪರಾಧಗಳು. ಬ್ಯಾಸಿಲಸ್ ಸೀರಿಯಸ್ ಎಂಬ ಬ್ಯಾಕ್ಟೀರಿಯಾದ ಬೀಜಕಣ ಕುದಿತಕ್ಕೂ ಜಗ್ಗುವುದಿಲ್ಲ, ಬೆಚ್ಚಗಿದ್ದರೆ ಮೊಳೆಯುತ್ತದೆ. ರಾತ್ರಿಯಿಡೀ ಹೊರಗುಳಿದ ಅನ್ನದಲ್ಲೂ ಇದರದೇ ಕಾಟ. ಈಚೆಗೆ ನಗರದಲ್ಲಿ ಹಸಿ ಹಾಲು ಕುಡಿಯುವುದೇ ಸಹಜ ಬದುಕು ಎನ್ನುವವರು ಕಾಣುತ್ತಿದ್ದಾರೆ. ಹಳ್ಳಿಯ ಅಜ್ಜಿಯರು ಹಾಲನ್ನು ಉಕ್ಕಿಸದೆ ಹೆಪ್ಪು ಹಾಕಿದವರಲ್ಲ.

ಯಂತ್ರ ಕಾಪಾಡದೆ ಬಿಟ್ಟದ್ದು ಹಾಲು ಕರೆಯುವವರನ್ನು. ಬ್ರುಸೆಲ್ಲಾ ತಗುಲಿದ ಹಸು ಕಂದು ಹಾಕುತ್ತದೆ. ಕೊಟ್ಟಿಗೆಯವರು ಆ ಕಂದನ್ನೂ ಮಾಸನ್ನೂ ಬರಿಗೈಯಲ್ಲಿ ಎತ್ತಿ ಹಾಕುತ್ತಾರೆ. ವಾರಗಟ್ಟಲೆ ಬಂದು ಹೋಗುವ ಜ್ವರ, ಕೀಲುನೋವು ಹಿಡಿದಾಗ ಅದು ಹಸುವಿನಿಂದ ಬಂತೆಂದು ಹೊಳೆಯುವುದೂ ಕಷ್ಟ. 2019ರಲ್ಲಿ ಶುರುವಾದ ರಾಷ್ಟ್ರೀಯ ಜಾನುವಾರು ರೋಗ ನಿಯಂತ್ರಣ ಕಾರ್ಯಕ್ರಮದಲ್ಲಿ ನಾಲ್ಕರಿಂದ ಎಂಟು ತಿಂಗಳ ಹೆಣ್ಣುಕರುಗಳಿಗೆ ಜೀವಮಾನಕ್ಕೊಮ್ಮೆ ಇದರ ಲಸಿಕೆ ಹಾಕುತ್ತಾರೆ. ಹೊಸದಾಗಿ ಹಸು ಕಟ್ಟುವವರು ಎಷ್ಟು ಲೀಟರು ಕೊಡುತ್ತದೆ ಎಂದು ಕೇಳುವ ಮೊದಲು ಕರುವಾಗಿದ್ದಾಗ ಆ ಲಸಿಕೆ ಆಗಿತ್ತೇ ಎಂದು ಕೇಳಬೇಕು, ಕಂದು ಎತ್ತುವ ಕೈಗೆ ಗ್ಲೌಸು ಹಾಕಬೇಕು.