ಒಳಕುಪ್ಪಸಕ್ಕೂ ಒಂದು ಅಳತೆಯುಂಟು

ದಕ್ಷಿಣ ಪಿನಾಕಿನಿಯ ಮಗ್ಗುಲಿನ ತೊರಪಲ್ಲಿ ಅಗ್ರಹಾರವೆಂದೊಡನೆ ಓದುಗರಿಗೆ ನೆನಪಾಗುವವರು 1878ರ ಡಿಸೆಂಬರ್ 10ರಂದು ಇಲ್ಲಿ ಜನಿಸಿದ ರಾಜಾಜಿಯವರು. ಅವರು ಹುಟ್ಟಿದ ಮನೆ ಇಂದು ಸ್ಮಾರಕವಾಗಿದೆ. ಆದರೆ ಈ ತಿಂಗಳು ನಾವು ಬರೆಯಹೊರಟಿರುವುದು ದೇಶದ ದೊಡ್ಡವರ ವಿಷಯವಲ್ಲ, ನಮ್ಮ ನಿಮ್ಮೆಲ್ಲರ ಮನೆಯೊಳಗಿನ ಒಂದು ಸಣ್ಣ ವಿಷಯ.

ಈ ಸೀಮೆಯಲ್ಲಿ ಒಂದೇ ಬೀದಿಯಲ್ಲಿ ಕನ್ನಡ, ತೆಲುಗು, ತಮಿಳು ಮೂರೂ ನುಡಿಗಳು ಕಿವಿಗೆ ಬೀಳುತ್ತವೆ. ಒಂದೊಂದು ವಸ್ತುವಿಗೂ ಮೂರು ಹೆಸರು. ಆದರೆ ಹೆಂಗಸರ ಒಳಕುಪ್ಪಸಕ್ಕೆ ಮಾತ್ರ ಮೂರು ನುಡಿಗಳಲ್ಲಿಯೂ 'ಬಾಡಿ' ಎಂಬ ಒಂದೇ ಹೆಸರು ರೂಢಿಯಲ್ಲಿ ಬಂದಿತು. ಈಚಿನವರು 'ಬ್ರಾ' ಎನ್ನುತ್ತಾರೆ. ಮೂರು ನುಡಿಯವರೂ ಆ ಹೆಸರನ್ನು ತಗ್ಗಿದ ದನಿಯಲ್ಲಿಯೇ ಹೇಳುತ್ತಾರೆ. ಒಗೆದ ಮೇಲೆ ಅದನ್ನು ಸೀರೆಯ ಮರೆಯಲ್ಲಿ ಒಣಹಾಕುತ್ತಾರೆ. ಕೊಂಡು ತರುವಾಗ ಹಳೆಯ ಪತ್ರಿಕೆಯಲ್ಲಿ ಸುತ್ತಿ ಚೀಲದ ತಳಕ್ಕೆ ಸೇರಿಸುತ್ತಾರೆ. ಮರ್ಯಾದೆಯ ದೃಷ್ಟಿಯಿಂದ ಇದು ಸರಿಯೇ ಇರಬಹುದು. ಆದರೆ ಈ ಸಂಕೋಚದ ಬೆಲೆಯನ್ನು ಹೆಂಗಸರ ಭುಜ ಬೆನ್ನುಗಳು ತೆರುತ್ತಿವೆ ಎಂಬುದು ನಮಗೆ ಬಹಳ ತಡವಾಗಿ ತಿಳಿಯಿತು.

ಹಳ್ಳಿಯ ಶಾಲೆಯ ಮುಖ್ಯೋಪಾಧ್ಯಾಯರಿಗೆ ಈ ಉಸಾಬರಿ ಏಕೆ ಎಂದು ಓದುಗರು ಕೇಳಬಹುದು. ನಮ್ಮ ಮನೆಯವರ ಅಪ್ಪಣೆ ಪಡೆದೇ ಈ ಸಂಗತಿಯನ್ನು ಬರೆಯುತ್ತಿದ್ದೇವೆ. ಅವರಿಗೆ ಬಹುಕಾಲದಿಂದ ಭುಜದ ನೋವು. ನೀರಿನ ಕೊಡದಿಂದ ಎಂದರು ಕೆಲವರು, ವಯಸ್ಸಿನಿಂದ ಎಂದರು ಕೆಲವರು. ಎಣ್ಣೆ ಹಚ್ಚಿದ್ದಾಯಿತು, ಮುಲಾಮು ತಿಕ್ಕಿದ್ದಾಯಿತು. ಒಂದು ಯುಗಾದಿಗೆ ಬಂದ ನಮ್ಮ ಮಗಳು ತಾಯಿಯ ಎರಡು ಭುಜಗಳ ಮೇಲೆಯೂ ಬೆರಳು ಹೂಳುವಷ್ಟು ಆಳದ ಕೆಂಪು ಗೆರೆಗಳಿರುವುದನ್ನು ಕಂಡಳು. ರವಿಕೆ ಹೊಲಿಯುವವರಿಂದ ಟೇಪು ಎರವಲು ತಂದು, ಬಾಗಿಲು ಹಾಕಿಕೊಂಡು ತಾಯಿಯ ಅಳತೆ ತೆಗೆದಳು. ಹೊರಗೆ ಬಂದು ಎರಡು ಸಂಖ್ಯೆಗಳನ್ನು ಬರೆದ ಚೀಟಿಯನ್ನು ನಮ್ಮ ಕೈಗಿತ್ತು, "ಅಪ್ಪಾ, ಇಷ್ಟು ವರ್ಷ ಅಮ್ಮನಿಗೆ ಯಾವ ಸೈಜು ತರುತ್ತಿದ್ದಿರಿ?" ಎಂದು ಕೇಳಿದಳು.

ತರುತ್ತಿದ್ದವರು ನಾವೇ. ಅಂಗಡಿಯಲ್ಲಿ ಗಂಡಸರೇ ಇರುತ್ತಾರೆಂದು ನಮ್ಮ ಮನೆಯವರು ಹೋಗುತ್ತಿರಲಿಲ್ಲ. ವರ್ಷಕ್ಕೊಮ್ಮೆ ಒಂದು ಸಂಖ್ಯೆ ಬರೆದ ಚೀಟಿಯನ್ನು ಮಡಿಸಿ ಕೊಡುತ್ತಿದ್ದರು. ನಾವು ಅದನ್ನು ಮಡಿಸಿದಂತೆಯೇ ಅಂಗಡಿಯವರಿಗೆ ದಾಟಿಸುತ್ತಿದ್ದೆವು. ಆ ಸಂಖ್ಯೆ ನಮ್ಮ ಹಿರಿಯ ಮಗು ಹುಟ್ಟಿದ ಕಾಲದ್ದು. ಇಪ್ಪತ್ತೆರಡು ವರ್ಷ ಅದೇ ಸಂಖ್ಯೆ! ಮಕ್ಕಳ ಎತ್ತರ ತೂಕಗಳನ್ನು ಬರೆದಿಡುವ ನಾವು, ಅಂಗುಲ ಸೆಂಟಿಮೀಟರುಗಳ ಪಾಠವನ್ನು ಎಷ್ಟೋ ತಂಡದ ಮಕ್ಕಳಿಗೆ ಹೇಳಿದ ನಾವು, ನಮ್ಮ ಮನೆಯಲ್ಲಿಯೇ ಅಳತೆಯಿಲ್ಲದ ಉಡುಪು ಒಂದು ಜೀವವನ್ನು ನೋಯಿಸುತ್ತಿದ್ದುದನ್ನು ಅರಿಯದೆ ಹೋದೆವು. ಈ ಬರಹ ಆ ತಪ್ಪಿನ ಅರಿಕೆ.

ಹಿಂದಿನವರಿಗೆ ಈ ತೊಡಕು ಅಷ್ಟಾಗಿ ಇರಲಿಲ್ಲ. ಖಣದ ಕುಪ್ಪಸವನ್ನು ಮುಂದೆ ಗಂಟು ಹಾಕಿ ತೊಡುತ್ತಿದ್ದರು. ಮೈ ತುಂಬಿದರೆ ಗಂಟು ಸಡಿಲ, ಮೈ ಇಳಿದರೆ ಗಂಟು ಬಿಗಿ. ಉಡುಪು ಮೈಗೆ ಹೊಂದುತ್ತಿತ್ತು. ಸಿದ್ಧ ಉಡುಪು ಬಂದ ಮೇಲೆ ಮೈಯೇ ಸಂಖ್ಯೆಗೆ ಹೊಂದಬೇಕಾಯಿತು. ಅಮೆರಿಕದ ಮೇರಿ ಫೆಲ್ಪ್ಸ್ ಜೇಕಬ್ ಎಂಬಾಕೆ ಎರಡು ಕರವಸ್ತ್ರಗಳನ್ನೂ ರಿಬ್ಬನ್ನನ್ನೂ ಜೋಡಿಸಿ ಮಾಡಿದ ಒಳಕುಪ್ಪಸಕ್ಕೆ 1914ರಲ್ಲಿ ಹಕ್ಕುಪತ್ರ ಪಡೆದರು. 1932ರಲ್ಲಿ ಆ ದೇಶದ ಕ್ಯಾಂಪ್ ಎಂಬ ಕಂಪನಿ ಬಟ್ಟಲಿನ ಗಾತ್ರಕ್ಕೆ ಎ, ಬಿ, ಸಿ, ಡಿ ಎಂಬ ಅಕ್ಷರಗಳನ್ನು ಇಟ್ಟಿತು. ಅಂದಿನಿಂದ ಈ ಉಡುಪಿಗೆ ಎರಡು ಅಳತೆ: ಸಂಖ್ಯೆಯೊಂದು, ಅಕ್ಷರವೊಂದು. ನಮ್ಮಲ್ಲಿ ಬಹುಮಂದಿ ಕೇಳುವುದು ಸಂಖ್ಯೆಯನ್ನು ಮಾತ್ರ. ಅರ್ಧ ವಿಳಾಸ ಬರೆದ ಕಾಗದ ಸರಿಯಾದ ಮನೆ ತಲುಪೀತೇ?

ತಿಳಿದುದರಿಂದ ತಿಳಿಯದುದರೆಡೆಗೆ ಸಾಗಬೇಕೆಂಬುದು ಉಪಾಧ್ಯಾಯರ ತರಬೇತಿಯಲ್ಲಿ ನಮಗೆ ಕಲಿಸಿದ ಮೊದಲ ಸೂತ್ರ. ಆದ್ದರಿಂದ ರವಿಕೆಯಿಂದ ಪ್ರಾರಂಭಿಸೋಣ. ರವಿಕೆ ಹೊಲಿಸುವಾಗ ನಮ್ಮ ಗೃಹಿಣಿಯರು ಅಳತೆಯ ರವಿಕೆ ಕೊಟ್ಟು, ತೋಳು ಕಾಲಂಗುಲ ಹೆಚ್ಚಾಗಲಿ, ಕೊರಳು ಅರ್ಧಂಗುಲ ಇಳಿಯಲಿ ಎಂದು ಎಷ್ಟು ಖಚಿತವಾಗಿ ಹೇಳುತ್ತಾರೆ! ಮೇಲಿನ ಬಟ್ಟೆಗೆ ಇರುವ ಈ ಎಚ್ಚರವನ್ನು ಒಳಗಿನದಕ್ಕೂ ತೋರಿದರೆ ಸಾಕು.

ಬೇಕಾದುದು ದರ್ಜಿಯ ಟೇಪೊಂದು, ಕನ್ನಡಿಯೊಂದು, ನೆರವಿಗೆ ಮಗಳೋ ಸೋದರಿಯೋ ಗೆಳತಿಯೋ. ಮೊದಲನೆಯದಾಗಿ, ಸ್ತನಗಳ ಕೆಳಗೆ, ಪಕ್ಕೆಲುಬಿನ ಸುತ್ತ ಟೇಪನ್ನು ಹಿಡಿಯಬೇಕು. ಉಸಿರು ಬಿಟ್ಟಾಗ ಟೇಪು ಮೈಗೆ ಅಂಟಿರಬೇಕು. ಬೆನ್ನಿನ ಕಡೆ ಮೇಲೇರದೆ ನೆಲಕ್ಕೆ ಸಮಾನಾಂತರವಾಗಿರಬೇಕು. ಎರಡನೆಯದಾಗಿ, ದಪ್ಪ ಒತ್ತಿಲ್ಲದ ತೆಳು ಒಳಕುಪ್ಪಸವನ್ನು ತೊಟ್ಟು, ಎದೆಯ ಅತಿ ತುಂಬಿದ ಭಾಗದ ಸುತ್ತ ಟೇಪನ್ನು ಬಿಗಿಯದೆ ಹಿಡಿಯಬೇಕು. ಎರಡನ್ನೂ ಬರೆದಿಡಬೇಕು.

ನಮ್ಮ ಮನೆಯ ಅಳತೆಯನ್ನು ಇಲ್ಲಿ ಬರೆಯುವುದು ಶಿಷ್ಟಾಚಾರವಲ್ಲವಾದ್ದರಿಂದ ಒಂದು ಕಲ್ಪಿತ ಲೆಕ್ಕವನ್ನು ಮಾಡೋಣ. ಕೆಳ ಸುತ್ತಳತೆ 30 ಅಂಗುಲ, ಮೇಲಿನದು 36 ಅಂಗುಲ ಎಂದಿಟ್ಟುಕೊಳ್ಳಿ. ನಮ್ಮ ಅಂಗಡಿಗಳಲ್ಲಿ ಸಾಮಾನ್ಯವಾಗಿ ದೊರೆಯುವ ಉಡುಪಿನ ಪಟ್ಟಿಯ ಸಂಖ್ಯೆ, ಕೆಳ ಸುತ್ತಳತೆಗೆ 4 ಕೂಡಿಸಿದಷ್ಟು. ಅಳತೆ ಬೆಸಸಂಖ್ಯೆಯಾದರೆ 5 ಕೂಡಿಸಿ ಸಮಸಂಖ್ಯೆ ಮಾಡಬೇಕು. ಇಲ್ಲಿ 30ಕ್ಕೆ 4 ಸೇರಿ 34. ಮೇಲಿನ ಅಳತೆ 36ರಲ್ಲಿ 34 ಕಳೆದರೆ ಉಳಿಯುವುದು 2. ಒಂದಂಗುಲ ಉಳಿದರೆ ಎ, ಎರಡು ಉಳಿದರೆ ಬಿ, ಮೂರಕ್ಕೆ ಸಿ, ನಾಲ್ಕಕ್ಕೆ ಡಿ. ಉತ್ತರ 34 ಬಿ. ಎದೆಯ ಸುತ್ತಳತೆ 36 ಎಂದುಕೊಂಡು ಈಕೆ 36ನ್ನೇ ಕೊಂಡಿದ್ದರೆ ಪಟ್ಟಿ ಎರಡಂಗುಲ ಸಡಿಲವಾಗುತ್ತಿತ್ತು. ಕೆಲವು ಪೆಟ್ಟಿಗೆಗಳ ಮೇಲೆ 75, 80 ಎಂಬ ಸಂಖ್ಯೆಗಳಿರುತ್ತವೆ. ಅವು ಸೆಂಟಿಮೀಟರಿನಲ್ಲಿ ಕೆಳ ಸುತ್ತಳತೆ. 75 ಎಂದರೆ 34, 80 ಎಂದರೆ 36. ಏನನ್ನೂ ಕೂಡಿಸದ ಕಂಪನಿಗಳೂ ಉಂಟು. ಆದ್ದರಿಂದ ಪೆಟ್ಟಿಗೆಯ ಮೇಲಿನ ಕೋಷ್ಟಕವನ್ನು ಓದದೆ ಕೊಳ್ಳಬಾರದು.

ಲೆಕ್ಕದಲ್ಲಿ ಬಂದ ಉತ್ತರವನ್ನು ತಾಳೆ ನೋಡಬೇಕೆಂದು ಮಕ್ಕಳಿಗೆ ಹೇಳುತ್ತೇವಲ್ಲವೇ? ಇಲ್ಲಿ ತಾಳೆ ನೋಡುವುದೆಂದರೆ ತೊಟ್ಟು ನೋಡುವುದು. ಹೊಸದನ್ನು ಅತಿ ಸಡಿಲವಾದ ಕೊಕ್ಕೆಗೆ ಸಿಕ್ಕಿಸಿದಾಗಲೇ ಅದು ಸರಿಯಾಗಿ ಕೂಡಬೇಕು. ಬಟ್ಟೆ ಹಿಗ್ಗಿದ ಮೇಲೆ ಉಳಿದ ಕೊಕ್ಕೆಗಳು ನೆರವಿಗೆ ಬರುತ್ತವೆ. ಪಟ್ಟಿಯ ಕೆಳಗೆ ಎರಡು ಬೆರಳು ಹೋಗಬೇಕು, ಮುಷ್ಟಿ ಹೋಗಬಾರದು. ಕೈ ಮೇಲೆತ್ತಿದಾಗ ಪಟ್ಟಿ ಬೆನ್ನಿನ ಮೇಲೆ ಏರಬಾರದು. ಬಟ್ಟಲಿನ ಅಂಚಿನಿಂದ ಮೈ ಹೊರಚೆಲ್ಲಿದರೆ ಅಕ್ಷರ ಸಣ್ಣದಾಯಿತು. ಬಟ್ಟಲು ಸುಕ್ಕುಗಟ್ಟಿದರೆ ದೊಡ್ಡದಾಯಿತು. ತಂತಿಯಿರುವಂಥದಾದರೆ ಅದು ಪಕ್ಕೆಲುಬಿನ ಮೇಲೆ ಕೂಡಬೇಕೇ ಹೊರತು ಸ್ತನವನ್ನು ಚುಚ್ಚಬಾರದು. ಪಟ್ಟಿ ಸಡಿಲವೆನಿಸಿ ಬಟ್ಟಲು ಸರಿಯೆನಿಸಿದರೆ ಸಂಖ್ಯೆಯನ್ನು ಒಂದು ಮೆಟ್ಟಿಲು ಇಳಿಸಿ ಅಕ್ಷರವನ್ನು ಒಂದು ಮೆಟ್ಟಿಲು ಏರಿಸಬೇಕು. 36 ಬಿಯ ಬದಲು 34 ಸಿ.

ಈ ಉಡುಪಿನ ಮರ್ಮವೆಲ್ಲ ಪಟ್ಟಿಯಲ್ಲಿದೆ. ಭಾರದ ಬಹುಪಾಲನ್ನು ಹೊರಬೇಕಾದುದು ಎದೆಯ ಸುತ್ತಲಿನ ಪಟ್ಟಿ. ಭುಜಪಟ್ಟಿಯದು ಹಿಡಿದಿಡುವ ಕೆಲಸ ಮಾತ್ರ. ಪಟ್ಟಿ ಸಡಿಲವಾದರೆ ಭಾರವೆಲ್ಲ ಭುಜಕ್ಕೆ ಬೀಳುತ್ತದೆ. ಆಗ ಭುಜಪಟ್ಟಿಯನ್ನು ಬಿಗಿಯುತ್ತ ಹೋಗುತ್ತಾರೆ, ಗೆರೆ ಆಳವಾಗುತ್ತ ಹೋಗುತ್ತದೆ. ನಮ್ಮ ಮನೆಯಲ್ಲಿ ನಡೆದುದು ಇದೇ.

ಇದು ಹಳ್ಳಿಯ ಅಜ್ಞಾನವೊಂದೇ ಅಲ್ಲ. 2008ರಲ್ಲಿ ಪ್ರಕಟವಾದ ಆಸ್ಟ್ರೇಲಿಯದ ಒಂದು ಸಣ್ಣ ಅಧ್ಯಯನದಲ್ಲಿ 30 ಮಂದಿ ಯುವತಿಯರ ಅಳತೆ ತೆಗೆದು ನೋಡಿದರೆ, ಹತ್ತರಲ್ಲಿ ಎಂಟು ಮಂದಿ ತಪ್ಪು ಅಳತೆಯದನ್ನೇ ತೊಟ್ಟಿದ್ದರು. ಬ್ರಿಟನ್ನಿನಲ್ಲಿ ಎರಡು ಸಾವಿರಕ್ಕೂ ಹೆಚ್ಚು ಶಾಲಾ ಬಾಲಕಿಯರನ್ನು ವಿಚಾರಿಸಿ 2016ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಆಟೋಟಗಳಲ್ಲಿ ಭಾಗವಹಿಸುವುದರ ಮೇಲೆ ತಮ್ಮ ಸ್ತನಗಳ ಪರಿಣಾಮವುಂಟೆಂದು ಸುಮಾರು ಅರ್ಧದಷ್ಟು ಮಂದಿ ಹೇಳಿದರು. ಈ ವಿಷಯವನ್ನು ಇನ್ನಷ್ಟು ತಿಳಿಯಬೇಕೆಂದವರು ಅವರಲ್ಲಿ ಬಹುಪಾಲು. ಬೆಳೆಯುವ ಹೆಣ್ಣುಮಕ್ಕಳಿಗೆ ಈ ಪಾಠವನ್ನು ಹೇಳಬೇಕಾದವರು ತಾಯಿ, ಚಿಕ್ಕಮ್ಮ, ಶಾಲೆಯ ಉಪಾಧ್ಯಾಯಿನಿ. ಮಗಳು ಕೇಳಲಿ ಎಂದು ಕಾಯದೆ ತಾವಾಗಿಯೇ ಮೃದುವಾಗಿ ಹೇಳಬೇಕು. ಗಂಡಸರ ಕರ್ತವ್ಯ ದುಡ್ಡು ಕೊಟ್ಟು ದೂರ ನಿಲ್ಲುವುದು, ಹಾಸ್ಯ ಮಾಡದಿರುವುದು.

ಬಸುರಿನಲ್ಲಿ, ಬಾಣಂತನದಲ್ಲಿ, ಮೈತೂಕ ಏರಿ ಇಳಿದಾಗ, ಮುಟ್ಟು ನಿಲ್ಲುವ ವಯಸ್ಸಿನಲ್ಲಿ ಅಳತೆ ಬದಲಾಗುತ್ತದೆ. ಏನೂ ಬದಲಾಗಲಿಲ್ಲವೆಂದು ತೋರಿದರೂ ವರ್ಷಕ್ಕೊಮ್ಮೆ ಟೇಪು ಹಿಡಿಯುವುದು ಒಳ್ಳೆಯದು. ಹಾಲೂಡಿಸುವ ತಾಯಂದಿರು ಬಿಗಿಯಾದುದನ್ನು ತೊಡಲೇಬಾರದು. ಅದರಿಂದ ಹಾಲು ಕಟ್ಟಿಕೊಂಡು ಬಾವು ಬರಬಹುದು. ಬಿಸಿಲಿನಲ್ಲಿ ದುಡಿಯುವವರಿಗೆ ಹತ್ತಿಬಟ್ಟೆ ಹಿತ. ಒಂದನ್ನೇ ನಿತ್ಯವೂ ತೊಡದೆ ಎರಡು ಮೂರನ್ನು ಸರದಿಯಂತೆ ಬಳಸಿ, ಕೈಯಿಂದ ಒಗೆದು, ಹಿಂಡದೆ ನೆರಳುಗಾಳಿಯಲ್ಲಿ ಒಣಗಿಸಿದರೆ ಎಲಾಸ್ಟಿಕ್ ಬಾಳುತ್ತದೆ. ಚಂದ್ರಚೂಡೇಶ್ವರ ಸ್ವಾಮಿಯ ತೇರಿನ ಸಂತೆಯಲ್ಲಿ ಬಳೆ ರಿಬ್ಬನ್ನುಗಳನ್ನು ಕೊಳ್ಳಿ, ಸಂತೋಷ. ಆದರೆ ಒಳಕುಪ್ಪಸವನ್ನು ಮಾತ್ರ ತೊಟ್ಟು ನೋಡಲು ಕೋಣೆಯೂ ಅಳತೆ ಕೇಳಲು ಹೆಣ್ಣುಮಗಳೂ ಇರುವ ಅಂಗಡಿಯಲ್ಲಿಯೇ ಕೊಳ್ಳಿ. ಹೊಸೂರಿನಲ್ಲಿಯೂ ಬೆಂಗಳೂರಿನಲ್ಲಿಯೂ ಈಗ ಅಂಥ ಅಂಗಡಿಗಳಿಗೆ ಕೊರತೆಯಿಲ್ಲ.

ಕೊನೆಗೆ ಒಂದು ಭಯವನ್ನು ನಿವಾರಿಸಬೇಕು. ಒಳಕುಪ್ಪಸ ತೊಟ್ಟರೆ ಸ್ತನದ ಕ್ಯಾನ್ಸರ್ ಬರುವುದೆಂಬ ಮಾತು ನಮ್ಮೂರ ಕಡೆಯೂ ಹರಡಿದೆ. ಅಮೆರಿಕದ ಸಿಯಾಟಲಿನಲ್ಲಿ ನಡೆಸಿ 2014ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಇವೆರಡಕ್ಕೂ ಸಂಬಂಧ ಕಂಡುಬರಲಿಲ್ಲ. ಆದರೆ ಗಂಟು, ಚರ್ಮದ ಸುಕ್ಕು, ತೊಟ್ಟಿನಿಂದ ರಕ್ತ ಕಂಡುಬಂದರೆ ಉಡುಪಿನ ತಪ್ಪೆಂದು ಸುಮ್ಮನಿರದೆ ಆ ವಾರವೇ ವೈದ್ಯರನ್ನು ಕಾಣಬೇಕು. ನಾಚಿಕೆಗಿಂತ ಜೀವ ದೊಡ್ಡದು.

ನಮ್ಮ ಮನೆಯವರ ಭುಜದ ನೋವು ಪೂರ್ತಿ ಹೋಯಿತೆಂದು ಹೇಳಲಾರೆವು. ಕೊಡ ಹೊತ್ತ ವರ್ಷಗಳ ಪಾಲೂ ಅದರಲ್ಲಿರಬಹುದು. ಆದರೆ ಕೆಂಪು ಗೆರೆಗಳು ಕೆಲವೇ ತಿಂಗಳಲ್ಲಿ ಮಾಸಿದವು. ಸಂಜೆಯ ಹೊತ್ತಿಗೆ ಭುಜ ತಿಕ್ಕಿಕೊಳ್ಳುತ್ತ ಕೂಡುವುದು ನಿಂತಿತು. ಎರವಲು ತಂದ ಟೇಪನ್ನು ಹಿಂದಿರುಗಿಸಿ ಹೊಸದೊಂದನ್ನು ಕೊಂಡು ತಂದೆವು. ಅದೀಗ ನಮ್ಮ ಮನೆಯಲ್ಲಿ ಅರಿಸಿನ ಕುಂಕುಮದ ಪೆಟ್ಟಿಗೆಯ ಪಕ್ಕದಲ್ಲಿದೆ. ನೆರೆಮನೆಯವರೂ ಬಂದು ಕೇಳಿ ಒಯ್ಯುತ್ತಾರೆ. ಓದುಗ ಸೋದರಿಯರು ಈ ಪುಟವನ್ನು ಮಡಿಸಿಡುವ ಮೊದಲು ಮನೆಯಲ್ಲಿ ಟೇಪು ಎಲ್ಲಿದೆಯೆಂದು ಒಮ್ಮೆ ಹುಡುಕಿ ನೋಡಬೇಕೆಂದು ಪ್ರಾರ್ಥಿಸುತ್ತೇವೆ.