ಸ್ತನ ಕ್ಯಾನ್ಸರ್ ಸಂಶೋಧಕರು ತಯಾರಾಗುವ ಬಗೆ: ಪರೇಲ್‌ನಿಂದ ಖಾರ್ಘರ್‌ವರೆಗೆ

ಸ್ತನ ಕ್ಯಾನ್ಸರ್ ಸಂಶೋಧನೆ ಒಬ್ಬರೇ ಮಾಡಿ ಮುಗಿಸುವ ಕೆಲಸವಲ್ಲ, ಒಂದೇ ವಿಷಯವೂ ಅಲ್ಲ. ಗಡ್ಡೆಯ ಜೀವಕೋಶದೊಳಗೆ ಏನು ನಡೆಯುತ್ತಿದೆ ಎಂದು ನೋಡುವವರು ಒಂದು ಕಡೆ. ಯಾವ ಚಿಕಿತ್ಸೆ ಕೊಟ್ಟರೆ ರೋಗಿ ಹೆಚ್ಚು ವರ್ಷ ಬದುಕುತ್ತಾಳೆ ಎಂದು ಲೆಕ್ಕ ಹಾಕುವವರು ಇನ್ನೊಂದು ಕಡೆ. ಯಾವ ವಯಸ್ಸಿನ, ಯಾವ ಸಮುದಾಯದ ಹೆಂಗಸರಲ್ಲಿ ರೋಗ ಹೆಚ್ಚು ಎಂದು ಹುಡುಕುವವರು ಮತ್ತೊಂದು ಕಡೆ. ಮೊದಲ ಗುಂಪಿನವರು ಸಾಮಾನ್ಯವಾಗಿ ಎಂ.ಎಸ್ಸಿ. ಮುಗಿಸಿ ಪಿಎಚ್.ಡಿ.ಗೆ ಬಂದವರು, ಎರಡನೆಯವರು ಡಾಕ್ಟರುಗಳು, ಮೂರನೆಯವರು ಸಂಖ್ಯಾಶಾಸ್ತ್ರವನ್ನೋ ಸಾರ್ವಜನಿಕ ಆರೋಗ್ಯವನ್ನೋ ಓದಿದವರು. ಈ ಮೂರೂ ಬಗೆಯ ತರಬೇತಿ ಒಂದೇ ಆಡಳಿತದಡಿ ಸಿಗುವ ಊರುಗಳು ಭಾರತದಲ್ಲಿ ಹೆಚ್ಚಿಲ್ಲ. ಮುಂಬಯಿಯಲ್ಲಿ ಅದು ಟಾಟಾ ಮೆಮೋರಿಯಲ್ ಸೆಂಟರ್‌ನಲ್ಲಿ ಸಿಗುತ್ತದೆ. ಅಗತ್ಯವೂ ಸಣ್ಣದಲ್ಲ: ಅಂತಾರಾಷ್ಟ್ರೀಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆಯ ಅಂದಾಜಿನಂತೆ 2022ರಲ್ಲಿ ಭಾರತದಲ್ಲಿ ಸುಮಾರು 1.92 ಲಕ್ಷ ಮಂದಿಗೆ ಹೊಸದಾಗಿ ಸ್ತನ ಕ್ಯಾನ್ಸರ್ ಬಂತು, 98 ಸಾವಿರದಷ್ಟು ಮಂದಿ ಅದರಿಂದ ತೀರಿಕೊಂಡರು.

ಪರೇಲ್‌ನಲ್ಲಿ ಟಾಟಾ ಮೆಮೋರಿಯಲ್ ಆಸ್ಪತ್ರೆ ಶುರುವಾದದ್ದು 1941ರ ಫೆಬ್ರುವರಿ 28ರಂದು. ರೋಗವಿಜ್ಞಾನಿ ವಿ.ಆರ್. ಖಾನೋಲ್ಕರ್ ಅಲ್ಲಿ ಲ್ಯಾಬೊರೇಟರಿಗಳನ್ನು ಕಟ್ಟಿದರು. 1952ರಲ್ಲಿ ಅವರ ನೇತೃತ್ವದಲ್ಲೇ ಇಂಡಿಯನ್ ಕ್ಯಾನ್ಸರ್ ರಿಸರ್ಚ್ ಸೆಂಟರ್ ಹುಟ್ಟಿತು. ಆಸ್ಪತ್ರೆ 1962ರಲ್ಲಿ ಅಣುಶಕ್ತಿ ಇಲಾಖೆಗೆ ಸೇರಿತು. ಕ್ಯಾನ್ಸರ್ ಆಸ್ಪತ್ರೆಗೂ ಅಣುಶಕ್ತಿಗೂ ಏನು ಸಂಬಂಧ ಎಂದು ಈಗಲೂ ಕೇಳುವವರಿದ್ದಾರೆ. ಈ ರೋಗದ ಚಿಕಿತ್ಸೆಯಲ್ಲಿ ವಿಕಿರಣಕ್ಕೆ ದೊಡ್ಡ ಪಾತ್ರವಿದೆ ಎಂದು ಇಲಾಖೆಯ ಮುಖ್ಯಸ್ಥರಾಗಿದ್ದ ಹೋಮಿ ಭಾಭಾ ಕಂಡುಕೊಂಡದ್ದು ಅದಕ್ಕೆ ಕಾರಣ. 1966ರಲ್ಲಿ ಆಸ್ಪತ್ರೆ, ಸಂಶೋಧನಾ ಕೇಂದ್ರ ಎರಡೂ ಒಂದಾಗಿ ಟಾಟಾ ಮೆಮೋರಿಯಲ್ ಸೆಂಟರ್ ಆಯಿತು.

ಇಲ್ಲಿ ತಯಾರಾದ ಮೊದಲ ತಲೆಮಾರಿನ ಸಂಶೋಧಕರಲ್ಲಿ ಕಮಲ್ ರಣದಿವೆ ಅವರ ದಾರಿಯನ್ನು ಸ್ವಲ್ಪ ನಿಂತು ನೋಡಬೇಕು. ಪುಣೆಯಲ್ಲಿ 1917ರಲ್ಲಿ ಹುಟ್ಟಿದ ಅವರು ಎಂ.ಎಸ್ಸಿ.ಗೆ ಅಧ್ಯಯನ ಮಾಡಿದ್ದು ಸೀತಾಫಲದ ಕುಟುಂಬಕ್ಕೆ ಸೇರಿದ ಗಿಡಗಳ ಕ್ರೋಮೊಸೋಮುಗಳನ್ನು. ಮದುವೆಯಾಗಿ ಮುಂಬಯಿಗೆ ಬಂದ ಮೇಲೆ ಟಾಟಾ ಆಸ್ಪತ್ರೆಯಲ್ಲಿ ಕೆಲಸಕ್ಕೆ ಸೇರಿ, ಖಾನೋಲ್ಕರ್ ಅವರ ಮಾರ್ಗದರ್ಶನದಲ್ಲಿ 1949ರಲ್ಲಿ ಬಾಂಬೆ ವಿಶ್ವವಿದ್ಯಾಲಯದಿಂದ ಪಿಎಚ್.ಡಿ. ಪಡೆದರು. ಅನಂತರ ಅಮೆರಿಕದ ಜಾನ್ಸ್ ಹಾಪ್‌ಕಿನ್ಸ್‌ನಲ್ಲಿ, ಜೀವಕೋಶಗಳನ್ನು ದೇಹದ ಹೊರಗೆ ಬೆಳೆಸುವ ಕಲೆಯಲ್ಲಿ ಹೆಸರಾಗಿದ್ದ ಜಾರ್ಜ್ ಗೇ ಅವರ ಬಳಿ ಕಲಿತರು. ವಾಪಸು ಬಂದು ಇಲ್ಲಿ ಟಿಶ್ಯೂ ಕಲ್ಚರ್ ಲ್ಯಾಬ್ ಕಟ್ಟಿದರು. ದೇಶದಲ್ಲಿ ಅಂಥದ್ದು ಅದೇ ಮೊದಲು. ಇಲಿಗಳಲ್ಲಿ ಸ್ತನ ಗಡ್ಡೆ ಹುಟ್ಟುವುದಕ್ಕೂ ವಂಶಕ್ಕೂ, ಹಾರ್ಮೋನುಗಳಿಗೂ, ತಾಯಿಯ ಹಾಲಿನ ಮೂಲಕ ಮರಿಗೆ ದಾಟುವ ವೈರಸ್ಸಿಗೂ ಇರುವ ನಂಟನ್ನು ಹುಡುಕುವುದು ಅವರ ಮುಖ್ಯ ಕೆಲಸವಾಗಿತ್ತು. ಗಿಡದ ಕ್ರೋಮೊಸೋಮ್ ಎಣಿಸಿದ ಕೈ ಇಲಿಯ ಗಡ್ಡೆಗೆ ಒಗ್ಗಿದ್ದು ಅಚ್ಚರಿಯೇನಲ್ಲ. ಕ್ಯಾನ್ಸರ್ ಸಂಶೋಧನೆಗೆ ಬೇಕಾದದ್ದು ಮೊದಲೇ ಕ್ಯಾನ್ಸರ್ ಓದಿದವರಲ್ಲ, ಒಂದು ಬಗೆಯ ನೋಟವನ್ನು ಪಳಗಿಸಿಕೊಂಡವರು. ಇಂದೂ ಪ್ರವೇಶ ಪರೀಕ್ಷೆಗೆ ಬರುವವರು ಸೂಕ್ಷ್ಮಜೀವಿಶಾಸ್ತ್ರ, ಜೀವರಸಾಯನಶಾಸ್ತ್ರ, ಪ್ರಾಣಿಶಾಸ್ತ್ರ, ಬಯೊಟೆಕ್ನಾಲಜಿ ಹೀಗೆ ಹತ್ತು ಕಡೆಯಿಂದ ಬಂದವರೇ.

2002ರಲ್ಲಿ ಸಂಶೋಧನಾ ವಿಭಾಗ ಪರೇಲ್ ಬಿಟ್ಟು ಕೊಲ್ಲಿಯಾಚೆಯ ನವಿ ಮುಂಬಯಿಗೆ, ಖಾರ್ಘರ್‌ನ ವಿಶಾಲ ಆವರಣಕ್ಕೆ ಹೋಯಿತು. ಆಕ್ಟ್ರೆಕ್ ಎಂದು ಎಲ್ಲರೂ ಕರೆಯುವ ಕೇಂದ್ರ ಇದೇ. ಜಾಗ ಸಿಕ್ಕಿತು, ಪ್ರಾಣಿಗಳ ಮನೆ, ದೊಡ್ಡ ಸೂಕ್ಷ್ಮದರ್ಶಕಗಳು, ಹಾಸ್ಟೆಲ್ ಎಲ್ಲ ಬಂದವು. ಆದರೆ ಶಸ್ತ್ರಚಿಕಿತ್ಸೆಯ ಕೋಣೆಗೂ ಪಿಎಚ್.ಡಿ. ವಿದ್ಯಾರ್ಥಿಯ ಮೇಜಿಗೂ ನಡುವೆ ಮುಂಬಯಿಯ ಟ್ರಾಫಿಕ್ ಬಂದು ಕೂತಿತು. ಖಾರ್ಘರ್‌ನಲ್ಲೂ ಈಗ ಆಸ್ಪತ್ರೆ ಇದೆ. ಹಾಗಿದ್ದರೂ ಲ್ಯಾಬಿನವರನ್ನು ವಾರ್ಡಿನವರ ಜೊತೆ ಕೂರಿಸುವುದು ಇಲ್ಲಿನ ತರಬೇತಿಯ ಅತಿ ಕಷ್ಟದ ಭಾಗವಾಗಿಯೇ ಉಳಿದಿದೆ.

ಪಿಎಚ್.ಡಿ.ಗೆ ಸೇರುವವರು ಜೂನಿಯರ್ ರಿಸರ್ಚ್ ಫೆಲೋ ಆಗಿ ಬರುತ್ತಾರೆ. ಪದವಿ ಕೊಡುವುದು ಹೋಮಿ ಭಾಭಾ ರಾಷ್ಟ್ರೀಯ ಸಂಸ್ಥೆ; ಅಣುಶಕ್ತಿ ಇಲಾಖೆಯ ಹಲವು ಸಂಸ್ಥೆಗಳನ್ನು ಒಂದು ಕೊಡೆಯಡಿ ತಂದು 2005ರಲ್ಲಿ ಡೀಮ್ಡ್ ವಿಶ್ವವಿದ್ಯಾಲಯವಾದದ್ದು ಅದು. ಅದಕ್ಕೂ ಮುಂಚೆ ಇಲ್ಲಿನ ಥೀಸಿಸ್‌ಗಳು ಮುಂಬಯಿ ವಿಶ್ವವಿದ್ಯಾಲಯಕ್ಕೆ ಹೋಗುತ್ತಿದ್ದವು. ಮೊದಲ ವರ್ಷ ಕೋರ್ಸ್‌ವರ್ಕ್: ಜೀವಕೋಶಶಾಸ್ತ್ರ, ಆಣ್ವಿಕ ಜೀವಶಾಸ್ತ್ರ, ಸಂಖ್ಯಾಶಾಸ್ತ್ರ, ಸಂಶೋಧನಾ ನೀತಿ. ಆಮೇಲೆ ಗೈಡ್, ಒಂದು ಪ್ರಶ್ನೆ, ಒಂದು ಡಾಕ್ಟೋರಲ್ ಸಮಿತಿ. ವರ್ಷಕ್ಕೊಮ್ಮೆ ಸಮಿತಿಯ ಮುಂದೆ ನಿಂತು ಏನಾಯಿತು, ಏನಾಗಲಿಲ್ಲ ಎಂದು ಹೇಳಬೇಕು. ಥೀಸಿಸ್ ಮುಗಿಯಲು ಐದಾರು ವರ್ಷ ಹಿಡಿಯುವುದು ಮಾಮೂಲು.

ಪುಸ್ತಕ ಓದಿ ಬಂದವರು ನಿಜವಾಗಿ ಕಲಿಯುವುದು ಕಲ್ಚರ್ ರೂಮಿನಲ್ಲಿ. ಸ್ತನ ಕ್ಯಾನ್ಸರಿನ ಜೀವಕೋಶಗಳು ಪ್ಲಾಸ್ಟಿಕ್ ಫ್ಲಾಸ್ಕಿನ ತಳಕ್ಕೆ ಅಂಟಿಕೊಂಡು, 37 ಡಿಗ್ರಿ ಶಾಖದಲ್ಲಿ, ಶೇ. 5ರಷ್ಟು ಇಂಗಾಲದ ಡೈಆಕ್ಸೈಡ್ ಇರುವ ಇನ್‌ಕ್ಯುಬೇಟರಿನಲ್ಲಿ ಬೆಳೆಯುತ್ತವೆ. ಅವು ಈಜುವ ದ್ರವ ಕೆಂಪು ಛಾಯೆಯಿಂದ ಹಳದಿಗೆ ತಿರುಗಿದರೆ ಆಮ್ಲ ಹೆಚ್ಚಿದೆ, ದ್ರವ ಬದಲಿಸಬೇಕು ಎಂದು ಅರ್ಥ. ಆ ದಿನ ಗಣೇಶ ಚತುರ್ಥಿಯೋ ಭಾನುವಾರವೋ ಜೀವಕೋಶಕ್ಕೆ ಗೊತ್ತಿಲ್ಲ. ಯಾರಾದರೂ ಬಂದು ಬದಲಿಸಲೇಬೇಕು. ಒಂದು ಶಿಲೀಂಧ್ರ ಹೊಕ್ಕರೆ ತಿಂಗಳ ಕೆಲಸ ಸಿಂಕಿಗೆ ಹೋಗುತ್ತದೆ. ಶಿಲೀಂಧ್ರವಾದರೆ ಕಣ್ಣಿಗೆ ಕಾಣುತ್ತದೆ. ಮೈಕೊಪ್ಲಾಸ್ಮಾ ಎಂಬ ಸೂಕ್ಷ್ಮಜೀವಿ ಕಾಣದೆಯೇ ಒಳಗೆ ಸೇರಿ ಫಲಿತಾಂಶಗಳನ್ನು ಕೆಡಿಸುತ್ತದೆ. ಅದಕ್ಕಾಗಿ ಆಗಾಗ ಪರೀಕ್ಷೆ ಮಾಡುವುದನ್ನು ಮೊದಲ ತಿಂಗಳಲ್ಲೇ ರೂಢಿ ಮಾಡಿಸುತ್ತಾರೆ.

ಕೈಯಲ್ಲಿರುವ ಜೀವಕೋಶ ನಿಜಕ್ಕೂ ತಾನು ಅಂದುಕೊಂಡದ್ದೇ ಎಂದು ಖಾತ್ರಿ ಮಾಡಿಕೊಳ್ಳುವುದು ಇನ್ನೂ ದೊಡ್ಡ ಪಾಠ. ಪ್ರಪಂಚದ ಹೆಚ್ಚುಕಡಿಮೆ ಎಲ್ಲ ಸ್ತನ ಕ್ಯಾನ್ಸರ್ ಲ್ಯಾಬುಗಳಲ್ಲೂ ಇರುವ ಎಂಸಿಎಫ್-7 ಎಂಬ ಜೀವಕೋಶ ವಂಶ ಅಮೆರಿಕದ ಮಿಷಿಗನ್‌ನ ಕ್ರೈಸ್ತ ಸನ್ಯಾಸಿನಿಯೊಬ್ಬರ ದೇಹದಿಂದ 1970ರಲ್ಲಿ ಬಂದದ್ದು. ಅದರ ಚರಿತ್ರೆ ಸ್ಪಷ್ಟವಾಗಿದೆ. ಆದರೆ ಎಂಡಿಎ-ಎಂಬಿ-435 ಎಂಬ ಇನ್ನೊಂದು ವಂಶವನ್ನು ಸ್ತನ ಕ್ಯಾನ್ಸರ್ ಎಂದೇ ನಂಬಿ ವರ್ಷಗಟ್ಟಲೆ ನೂರಾರು ಪ್ರಬಂಧಗಳು ಪ್ರಕಟವಾದವು. ವಂಶವಾಹಿಗಳನ್ನು ಹೋಲಿಸಿ ನೋಡಿದಾಗ ಅದು ಚರ್ಮದ ಮೆಲನೋಮಾ ಕ್ಯಾನ್ಸರಿನ ಜೀವಕೋಶ ಎಂದು ಗೊತ್ತಾಯಿತು. ಹೊಸ ವಿದ್ಯಾರ್ಥಿಗಳಿಗೆ ಹೇಳಿಕೊಡಲು ಇದಕ್ಕಿಂತ ಒಳ್ಳೆಯ ಕತೆ ಸಿಗುವುದು ಕಷ್ಟ.

ರೋಗಿಯ ಗಡ್ಡೆಯ ತುಣುಕಿನ ಜೊತೆ ಕೆಲಸ ಮಾಡುವವರಿಗೆ ಬೇರೆ ಶಿಸ್ತು. ಶಸ್ತ್ರಚಿಕಿತ್ಸೆಯಲ್ಲಿ ಹೊರತೆಗೆದ ಮಾಂಸ ಒಂದು ಗಂಟೆಯೊಳಗೆ ಫಾರ್ಮಾಲಿನ್ ಸೇರಬೇಕು, ಅದರಲ್ಲಿ 6ರಿಂದ 72 ಗಂಟೆ ಇರಬೇಕು. ತಡವಾದರೆ ಈಸ್ಟ್ರೊಜೆನ್ ಗ್ರಾಹಕ, ಪ್ರೊಜೆಸ್ಟರಾನ್ ಗ್ರಾಹಕ, ಹರ್-2 ಎಂಬ ಮೂರು ಗುರುತುಗಳ ಪರೀಕ್ಷೆ ತಪ್ಪು ಉತ್ತರ ಕೊಡಬಹುದು. ಯಾವ ಔಷಧಿ ಎಂದು ತೀರ್ಮಾನವಾಗುವುದೇ ಈ ಮೂರರ ಮೇಲೆ. ಹೆಪ್ಪುಗಟ್ಟಿಸಿ ಇಡುವ ತುಣುಕುಗಳಿಗೆ ದ್ರವ ಸಾರಜನಕ ಬೇಕು, ಅದಕ್ಕೂ ಮುಂಚೆ ರೋಗಿಯ ಒಪ್ಪಿಗೆ ಬೇಕು. ಟಾಟಾಕ್ಕೆ ಬರುವವರು ಮಹಾರಾಷ್ಟ್ರದವರಷ್ಟೇ ಅಲ್ಲ. ಬಂಗಾಳ, ಬಿಹಾರ, ಉತ್ತರಪ್ರದೇಶ, ಕರ್ನಾಟಕದಿಂದಲೂ ಬರುತ್ತಾರೆ. ಸಂಶೋಧನೆಯಿಂದ ತನಗೆ ನೇರ ಲಾಭವಿಲ್ಲದಿರಬಹುದು, ಬೇಡವೆಂದರೂ ಚಿಕಿತ್ಸೆ ನಿಲ್ಲುವುದಿಲ್ಲ ಎಂಬ ಎರಡು ಮಾತು ರೋಗಿಗೆ ತನ್ನ ಭಾಷೆಯಲ್ಲಿ ತಿಳಿಯಬೇಕು. ಒಪ್ಪಿಗೆ ಪತ್ರದಲ್ಲಿ ಸಹಿ ಹಾಕಿಸುವುದು ಸುಲಭ, ಇದನ್ನು ತಿಳಿಸುವುದು ಸುಲಭವಲ್ಲ.

ಲ್ಯಾಬಿನವರಿಗೆ ರೋಗಿಗಳು ದೂರ; ಡಾಕ್ಟರುಗಳ ತರಬೇತಿಯ ಕೊರತೆ ಅದಕ್ಕೆ ತದ್ವಿರುದ್ಧ. ರೋಗಿಗಳು ಬೇಕಾದಷ್ಟು, ಪ್ರಶ್ನೆ ಕೇಳಲು ಪುರುಸೊತ್ತಿಲ್ಲ. ಎಂ.ಡಿ., ಡಿ.ಎಂ. ವಿದ್ಯಾರ್ಥಿಗಳ ಥೀಸಿಸ್ ಹಲವು ಕಡೆ ಹಳೆಯ ಕೇಸ್ ಫೈಲುಗಳನ್ನು ಎಣಿಸುವುದರಲ್ಲೇ ಮುಗಿದುಬಿಡುತ್ತದೆ. ಟಾಟಾದಲ್ಲಿ ಕ್ಲಿನಿಕಲ್ ರಿಸರ್ಚ್‌ನಲ್ಲೇ ಎಂ.ಎಸ್ಸಿ. ಇದೆ. ಜೊತೆಗೆ ದೇಶದ ಕ್ಯಾನ್ಸರ್ ಆಸ್ಪತ್ರೆಗಳ ಒಕ್ಕೂಟವಾದ ನ್ಯಾಷನಲ್ ಕ್ಯಾನ್ಸರ್ ಗ್ರಿಡ್ ಜೊತೆ ಸೇರಿ ನಡೆಸುವ ಕ್ರೆಡೊ ಕಾರ್ಯಾಗಾರವಿದೆ. ಯುವ ಡಾಕ್ಟರು ಅಲ್ಲಿಗೆ ಒಂದು ಅರೆಬೆಂದ ಪ್ರಶ್ನೆ ಹಿಡಿದು ಬಂದು, ಪರಿಣತರ ಜೊತೆ ದಿನಗಟ್ಟಲೆ ಕೂತು, ಪೂರ್ತಿ ಪ್ರೊಟೊಕಾಲ್ ಬರೆದುಕೊಂಡು ಹೋಗಬೇಕು.

ಯಾವ ಪ್ರಶ್ನೆ ಕೇಳಬೇಕು ಎಂಬುದಕ್ಕೆ ಮುಂಬಯಿಯಲ್ಲೇ ಒಳ್ಳೆಯ ಮಾದರಿಗಳಿವೆ. ಟಾಟಾದ ಶಸ್ತ್ರವೈದ್ಯ ರಾಜೇಂದ್ರ ಬಡ್ವೆ ಮತ್ತು ಸಂಗಡಿಗರು 2005ರಿಂದ 350 ಮಂದಿಯ ಮೇಲೆ ಒಂದು ಪ್ರಯೋಗ ನಡೆಸಿದರು: ಸ್ತನ ಕ್ಯಾನ್ಸರ್ ಆಗಲೇ ಬೇರೆ ಅಂಗಗಳಿಗೆ ಹರಡಿದ್ದರೆ, ಮೂಲ ಗಡ್ಡೆಯನ್ನು ಕತ್ತರಿಸಿ ತೆಗೆಯುವುದರಿಂದ ಆಯುಸ್ಸು ಹೆಚ್ಚುತ್ತದೆಯೇ? ಹೆಚ್ಚುವುದಿಲ್ಲ ಎಂದು 2015ರಲ್ಲಿ ಪ್ರಕಟವಾಯಿತು. ‘ಇಲ್ಲ’ ಎಂಬ ಉತ್ತರಕ್ಕೂ ಬೆಲೆಯಿದೆ, ಎಷ್ಟೋ ಹೆಂಗಸರಿಗೆ ಬೇಡದ ಆಪರೇಷನ್ ತಪ್ಪುತ್ತದೆ. 2023ರಲ್ಲಿ ಪ್ರಕಟವಾದ ಇನ್ನೊಂದು ಪ್ರಯೋಗದಲ್ಲಿ 1,600 ಮಂದಿ ಇದ್ದರು. ಗಡ್ಡೆ ತೆಗೆಯುವ 7ರಿಂದ 10 ನಿಮಿಷ ಮುಂಚೆ ಅದರ ಸುತ್ತ ಲಿಡೊಕೇನ್ ಎಂಬ ಅಗ್ಗದ ಮರಗಟ್ಟಿಸುವ ಮದ್ದು ಚುಚ್ಚಿದಾಗ, ಐದು ವರ್ಷದ ನಂತರ ಬದುಕಿರುವವರ ಪ್ರಮಾಣ ಶೇ. 86.4ರಿಂದ ಶೇ. 90.1ಕ್ಕೆ ಏರಿತು. ಪೇಟೆಂಟ್ ಮುಗಿದ ಇಂಥ ಮದ್ದಿನ ಮೇಲೆ ಔಷಧ ಕಂಪನಿಗಳಿಗೆ ಆಸಕ್ತಿ ಇರುವುದಿಲ್ಲ. ಸರ್ಕಾರಿ ಹಣದ ಸಂಸ್ಥೆಯೇ ಕೇಳಬೇಕಾದ ಪ್ರಶ್ನೆ ಇದು.

ಲ್ಯಾಬು, ವಾರ್ಡು ಎರಡೂ ಕೂಡಿದ ಅಪರೂಪದ ಉದಾಹರಣೆ ಪ್ರೊಜೆಸ್ಟರಾನ್‌ನದು. ಆಪರೇಷನ್ನಿಗೆ 5ರಿಂದ 14 ದಿನ ಮುಂಚೆ ಈ ಹಾರ್ಮೋನಿನ ಒಂದೇ ಒಂದು ಇಂಜೆಕ್ಷನ್ ಕೊಟ್ಟರೆ ಏನಾಗುತ್ತದೆ ಎಂದು ಟಾಟಾದ ಡಾಕ್ಟರುಗಳು 1,000 ಮಂದಿಯಲ್ಲಿ ನೋಡಿದರು. ಒಟ್ಟಾರೆ ವ್ಯತ್ಯಾಸ ಖಚಿತವಾಗಲಿಲ್ಲ. ಕಂಕುಳ ಗ್ರಂಥಿಗೆ ರೋಗ ತಲುಪಿದ್ದವರಲ್ಲಿ ಮಾತ್ರ ಲಾಭ ಕಂಡಿತು. 2011ರಲ್ಲಿ ಇದು ಪ್ರಕಟವಾಯಿತು. ಏಕೆ ಹೀಗೆ ಎಂಬ ಪ್ರಶ್ನೆ ಖಾರ್ಘರ್‌ನ ಅಮಿತ್ ದತ್ ಅವರ ಲ್ಯಾಬಿಗೆ ಬಂತು. ಪ್ರೊಜೆಸ್ಟರಾನ್ ಸೋಕಿದ ಜೀವಕೋಶಗಳಲ್ಲಿ ಎಸ್‌ಜಿಕೆ-1 ಎಂಬ ಜೀನ್ ಚುರುಕಾಗುತ್ತದೆ, ಜೀವಕೋಶಗಳ ಓಡಾಟ ಕುಗ್ಗುತ್ತದೆ, ಅದೂ ಪ್ರೊಜೆಸ್ಟರಾನ್ ಗ್ರಾಹಕ ಇಲ್ಲದ ಜೀವಕೋಶಗಳಲ್ಲೂ ಎಂದು 2018ರಲ್ಲಿ ಆ ತಂಡ ತೋರಿಸಿತು. ವಾರ್ಡಿನಲ್ಲಿ ಹುಟ್ಟಿದ ಪ್ರಶ್ನೆ ಪಿಎಚ್.ಡಿ. ವಿಷಯವಾಗುವುದು ಹೀಗೆ.

ಮೂರನೆಯ ದಾರಿಗೆ, ಅಂದರೆ ಜನಸಮೂಹದ ಅಧ್ಯಯನಕ್ಕೆ, ಮುಂಬಯಿಗಿಂತ ಹಳೆಯ ನೆಲ ದೇಶದಲ್ಲಿಲ್ಲ. ಇಂಡಿಯನ್ ಕ್ಯಾನ್ಸರ್ ಸೊಸೈಟಿ ಇಲ್ಲಿ 1963ರಲ್ಲಿ ಶುರುಮಾಡಿದ ಕ್ಯಾನ್ಸರ್ ನೋಂದಣಿ ಭಾರತದ ಮೊದಲನೆಯದು. ಪಾರ್ಸಿ ಹೆಂಗಸರಲ್ಲಿ ಸ್ತನ ಕ್ಯಾನ್ಸರ್ ಉಳಿದವರಿಗಿಂತ ಹೆಚ್ಚು ಎಂಬುದು ಈ ದಫ್ತರಗಳಿಂದಲೇ ಹೊರಬಿತ್ತು. ಟಾಟಾದ ಇಂದ್ರನೀಲ್ ಮಿತ್ರಾ ಅವರ ತಂಡ 1998ರಲ್ಲಿ ಆರಂಭಿಸಿ ಕೊಳೆಗೇರಿಗಳ 1,51,538 ಹೆಂಗಸರನ್ನು 20 ವರ್ಷ ಹಿಂಬಾಲಿಸಿದ ಅಧ್ಯಯನವಂತೂ ಪಠ್ಯಕ್ಕೆ ಯೋಗ್ಯ. ಮ್ಯಾಮೊಗ್ರಾಮ್ ಇಲ್ಲದೆ, ತರಬೇತಿ ಪಡೆದ ಆರೋಗ್ಯ ಕಾರ್ಯಕರ್ತೆಯರು ಎರಡು ವರ್ಷಕ್ಕೊಮ್ಮೆ ಕೈಯಿಂದ ಮುಟ್ಟಿ ಪರೀಕ್ಷೆ ಮಾಡಿದರು. 50 ದಾಟಿದವರಲ್ಲಿ ಸ್ತನ ಕ್ಯಾನ್ಸರಿನ ಸಾವು ಸುಮಾರು ಶೇ. 30ರಷ್ಟು ಇಳಿಯಿತು, ಅದಕ್ಕಿಂತ ಚಿಕ್ಕವರಲ್ಲಿ ಆ ಲಾಭ ಕಾಣಲಿಲ್ಲ. ಎರಡು ದಶಕ ಮನೆಮನೆಗೆ ಹೋಗಿ, ಮನೆ ಬದಲಿಸಿದವರನ್ನು ಹುಡುಕಿ, ಸಾವಿನ ಕಾರಣ ದಾಖಲಿಸುವ ಇಂಥ ಕೆಲಸ ಮೂರು ವರ್ಷದ ಫೆಲೋಶಿಪ್ಪಿನ ಲೆಕ್ಕಕ್ಕೆ ಸಿಗುವಂಥದ್ದಲ್ಲ.

ಹಣದ ಮಾತು. ಕೇಂದ್ರ ಸರ್ಕಾರ 2023ರಲ್ಲಿ ಪರಿಷ್ಕರಿಸಿದಂತೆ ಜೂನಿಯರ್ ಫೆಲೋಗೆ ತಿಂಗಳಿಗೆ 37,000 ರೂಪಾಯಿ, ಎರಡು ವರ್ಷದ ನಂತರ 42,000, ಜೊತೆಗೆ ಮನೆಬಾಡಿಗೆ ಭತ್ಯೆ. ಹಾಸ್ಟೆಲ್ ಸಿಕ್ಕವರಿಗೆ ಸಾಕಾಗುತ್ತದೆ. ಮುಂಬಯಿಯಲ್ಲಿ ಸಂಸಾರ ಹೂಡಿದವರಿಗೆ ಬಿಗಿ. ಪದವಿಯ ನಂತರ ಹಲವರು ಪೋಸ್ಟ್‌ಡಾಕ್ ಮಾಡಲು ಹೊರದೇಶಕ್ಕೆ ಹೋಗುತ್ತಾರೆ. ವಾಪಸು ಬರುವವರಿಗೆ ರಾಮಲಿಂಗಸ್ವಾಮಿ ಫೆಲೋಶಿಪ್, ಇಂಡಿಯಾ ಅಲಯನ್ಸ್ ಫೆಲೋಶಿಪ್ ಇವೆ, ಆದರೆ ಸ್ಪರ್ಧೆ ತೀವ್ರ. ಪ್ರಾಧ್ಯಾಪಕ ಹುದ್ದೆ ಸಿಗುವವರು ಕೆಲವರೇ ಎಂಬುದನ್ನು ಸೇರುವ ದಿನವೇ ಹೇಳಿಬಿಡುವುದು ಪ್ರಾಮಾಣಿಕತೆ. ಉಳಿದವರಿಗೆ ಜೀನ್ ಪರೀಕ್ಷೆ ಮಾಡುವ ಡಯಾಗ್ನೋಸ್ಟಿಕ್ ಲ್ಯಾಬುಗಳು, ಕ್ಲಿನಿಕಲ್ ಟ್ರಯಲ್ ನಡೆಸುವ ಕಂಪನಿಗಳು, ವೈದ್ಯಕೀಯ ಬರವಣಿಗೆ, ಪೇಟೆಂಟ್ ಕಚೇರಿಗಳು ಇವೆ; ಖಾರ್ಘರ್‌ನಿಂದ ದೂರವಲ್ಲದ ಮಹಾಪೆ, ರಬಾಳೆಯಲ್ಲಿ ಔಷಧ, ಬಯೊಟೆಕ್ ಕಂಪನಿಗಳ ಸಂಶೋಧನಾ ಘಟಕಗಳಿವೆ.

ಹೆಣ್ಣುಮಕ್ಕಳ ವಿಷಯದಲ್ಲಿ ತೊಡಕು ಬರುವುದು ಓದುವಾಗಲ್ಲ, ಓದು ಮುಗಿದ ಮೇಲೆ. ಜೀವಶಾಸ್ತ್ರದ ತರಗತಿ ತುಂಬ ಅವರೇ ಇರುತ್ತಾರೆ, ಮದುವೆ, ಮಗು, ವರ್ಗಾವಣೆಯ ನಡುವೆ ಲ್ಯಾಬಿನಿಂದ ಮರೆಯಾಗುತ್ತಾರೆ. ರಣದಿವೆ ಸ್ಥಾಪಕರಲ್ಲಿ ಒಬ್ಬರಾಗಿದ್ದ ಭಾರತೀಯ ಮಹಿಳಾ ವಿಜ್ಞಾನಿಗಳ ಸಂಘ 1973ರಲ್ಲಿ ಮುಂಬಯಿಯಲ್ಲಿ ಹುಟ್ಟಿತು. ವಾಶಿಯಲ್ಲಿರುವ ಅದರ ಕೇಂದ್ರದಲ್ಲಿ ದುಡಿಯುವ ಮಹಿಳೆಯರ ಹಾಸ್ಟೆಲ್ ಇದೆ, ಮಕ್ಕಳನ್ನು ನೋಡಿಕೊಳ್ಳುವ ಡೇ ಕೇರ್ ಇದೆ. ಹಾರ್ಬರ್ ಲೈನಿನಲ್ಲಿ ಖಾರ್ಘರ್ ಅಲ್ಲಿಂದ ಕೆಲವೇ ಸ್ಟೇಷನ್.