ಮಳೆಯಲ್ಲಿ ನೆನೆದು ನಡುಗಿದ ಡೈನೋಸಾರ್

‘ಜುರಾಸಿಕ್ ಪಾರ್ಕ್’ ನೋಡಿದವರು ಆ ಮಳೆ ರಾತ್ರಿಯ ದೃಶ್ಯವನ್ನು ಮರೆತಿರಲಿಕ್ಕಿಲ್ಲ. ನಿಂತುಹೋದ ಕಾರು, ಒಳಗೆ ಇಬ್ಬರು ಮಕ್ಕಳು, ಬೇಲಿ ಮುರಿದು ಬರುವ ಟಿ-ರೆಕ್ಸ್. ‘ಅಯ್ಯೋ, ಅದೆಲ್ಲ ಗ್ರಾಫಿಕ್ಸ್ ಬಿಡಿ’ ಅಂದುಬಿಡ್ತೀವಿ. ಆದರೆ 1993ರ ಆ ಸಿನಿಮಾದಲ್ಲಿ ಡೈನೋಸಾರ್‌ಗಳು ತೆರೆ ಮೇಲೆ ಇರೋದೇ ಸುಮಾರು 15 ನಿಮಿಷ. ಅದರಲ್ಲಿ ಕಂಪ್ಯೂಟರಿನ ಪಾಲು 6 ನಿಮಿಷದ ಆಸುಪಾಸು ಅಷ್ಟೇ. ಮಿಕ್ಕಿದ್ದೆಲ್ಲ ಸೆಟ್‌ನಲ್ಲಿ ನಿಜವಾಗಿಯೂ ನಿಂತು ಕತ್ತು ತಿರುಗಿಸಿದ ಯಂತ್ರದ ಪ್ರಾಣಿಗಳು. ಇವಕ್ಕೆ ಅನಿಮೆಟ್ರಾನಿಕ್ಸ್ ಅಂತಾರೆ.

ಅವನ್ನು ಕಟ್ಟಿದ್ದು ಹಾಲಿವುಡ್‌ನ ಸ್ಟ್ಯಾನ್ ವಿನ್‌ಸ್ಟನ್ ಅವರ ತಂಡ. ಟಿ-ರೆಕ್ಸ್ ಸುಮಾರು 40 ಅಡಿ ಉದ್ದ, 4 ಸಾವಿರ ಕಿಲೋಗೂ ಮಿಗಿಲಾದ ತೂಕ. ಒಳಗೆ ಉಕ್ಕಿನ ಅಸ್ಥಿಪಂಜರ, ಮೇಲೆ ಫೋಮ್ ರಬ್ಬರಿನ ಚರ್ಮ. ಪೈಲಟ್‌ಗಳ ತರಬೇತಿಗೆ ಬಳಸುವ ಸಿಮ್ಯುಲೇಟರ್ ಇದೆಯಲ್ಲ, ಅದೇ ತಂತ್ರದ ಮೇಲೆ ಇದನ್ನು ಕೂರಿಸಿದ್ದರು. ಆಡಿಸೋಕೆ ಅದೇ ಆಕಾರದ ಒಂದು ಪುಟ್ಟ ಮಾದರಿ. ಕಲಾವಿದರು ಇಲ್ಲಿ ಕತ್ತು ವಾಲಿಸಿದರೆ ಅಲ್ಲಿ ದೊಡ್ಡದೂ ವಾಲುತ್ತಿತ್ತು. ಸೂತ್ರದ ಗೊಂಬೆಯಾಟವೇ, ದಾರದ ಬದಲು ಕಂಪ್ಯೂಟರು ಮತ್ತು ಹೈಡ್ರಾಲಿಕ್ಸ್.

ತೊಂದರೆ ಶುರುವಾಗಿದ್ದು ಮಳೆಯಿಂದ. ಫೋಮ್ ಸ್ಪಂಜಿನ ಹಾಗೆ ನೀರು ಕುಡಿಯಿತು. ಯಂತ್ರದ ಲೆಕ್ಕವೆಲ್ಲ ಒಣ ಚರ್ಮದ ತೂಕಕ್ಕೆ ಹೊಂದಿಸಿದ್ದು. ಭಾರ ಏರಿದ ಕೂಡಲೇ ಅಷ್ಟು ದೊಡ್ಡ ಪ್ರಾಣಿ ಚಳಿಜ್ವರ ಬಂದವರಂತೆ ಗಡಗಡ ನಡುಗತೊಡಗಿತು! ಒಂದೊಂದು ಶಾಟ್ ಮುಗಿದಾಗಲೂ ತಂಡದವರು ಟವೆಲ್ ಹಿಡಿದು ಓಡಿಬಂದು ಅದರ ಮೈ ಒರೆಸಬೇಕಿತ್ತು.

ಇದು ನಗು ಬರಿಸುವ ಭಾಗ. ಇನ್ನೊಂದು ಹಾಗಿಲ್ಲ. ಚರ್ಮವನ್ನು ಒಳಗಿನಿಂದ ಅಂಟಿಸಲು ತಂತ್ರಜ್ಞರೊಬ್ಬರು ಅದರ ಹೊಟ್ಟೆಯೊಳಕ್ಕೆ ತೆವಳಬೇಕಿತ್ತು, ಅದೂ ಯಂತ್ರ ಚಾಲೂ ಇರುವಾಗಲೇ. ಯಾಕೆಂದರೆ ಪವರ್ ಹೋದರೆ ಅದು ಕುಸಿಯುತ್ತೆ, ಒಳಗಿರುವವರು ಲೋಹದ ನಡುವೆ ಸಿಕ್ಕಿಕೊಳ್ಳುತ್ತಾರೆ. ಒಂದು ದಿನ ಪವರ್ ಹೋಗಿಯೇ ಬಿಟ್ಟಿತು. ಒಳಗಿದ್ದವರು ಮೈ ಮುದುಡಿಕೊಂಡು ಉಳಿದುಕೊಂಡರು. ಜೊತೆಯವರು ಕತ್ತಲಲ್ಲೇ ದವಡೆ ಅಗಲಿಸಿ, ಬಾಯಿಯ ಮೂಲಕ ಅವರನ್ನು ಹೊರಗೆ ಎಳೆದರು. ಸಿನಿಮಾದಲ್ಲಿ ಯಾರಾದರೂ ಹೀಗೆ ಬರೆದಿದ್ದರೆ ನಾವು ನಂಬುತ್ತಿರಲಿಲ್ಲ.

ಅಡುಗೆಮನೆಯಲ್ಲಿ ಮಕ್ಕಳನ್ನು ಹುಡುಕುವ ರ‍್ಯಾಪ್ಟರ್‌ಗಳದ್ದು ಬೇರೆ ಕತೆ. ಕೆಲವು ಶಾಟ್‌ಗಳಲ್ಲಿ ಆ ವೇಷದೊಳಗೆ ಇದ್ದದ್ದು ತಂಡದ ಕಲಾವಿದ ಜಾನ್ ರೋಸನ್‌ಗ್ರಾಂಟ್. ಸೊಂಟ ಬಗ್ಗಿಸಿ, ಮಂಡಿ ಮಡಚಿ ನಿಲ್ಲಬೇಕು. ವಾರಗಟ್ಟಲೆ ಅಭ್ಯಾಸ ಮಾಡಿದರೂ ಅರ್ಧ ಗಂಟೆಗೆ ಬೆನ್ನು ಸೋಲುತ್ತಿತ್ತು. ದಿನವಿಡೀ ಕುರ್ಚಿಯಲ್ಲಿ ಕೂತು ಬೆನ್ನುನೋವು ಅನ್ನೋ ನಮಗೆ ಆ ಕಷ್ಟ ಸ್ವಲ್ಪವಾದರೂ ಅರ್ಥವಾದೀತು.

ಈ ಚಿತ್ರಕ್ಕೆ ಬಂದ ವಿಶುವಲ್ ಎಫೆಕ್ಟ್ಸ್ ಆಸ್ಕರ್‌ನಲ್ಲಿ ಕಂಪ್ಯೂಟರಿನವರ ಜೊತೆ ವಿನ್‌ಸ್ಟನ್ ಹೆಸರೂ ಇತ್ತು. ಮತ್ತೆ ನೋಡುವಾಗ ಗಮನಿಸಿ: ಟಿ-ರೆಕ್ಸ್ ಪೂರ್ತಿ ಮೈ ತೋರಿಸಿ ಓಡುತ್ತಿದ್ದರೆ ಅದು ಕಂಪ್ಯೂಟರು. ಕಾರಿನ ಕಿಟಕಿಗೆ ಮುಖ ತಂದು ಒಳಗೆ ಇಣುಕುತ್ತದಲ್ಲ, ಅದು ಸ್ವಲ್ಪ ಹೊತ್ತಿನ ಹಿಂದಷ್ಟೇ ಟವೆಲ್‌ನಲ್ಲಿ ಮೈ ಒರೆಸಿಕೊಂಡು ಬಂದದ್ದು.